ಹಳೆಯ ಫ್ರಿಜ್ ಜಾಹೀರಾತನ್ನು ಓದುವುದು ಹೇಗೆ? ಯುದ್ಧಾನಂತರದ ಅಮೆರಿಕದ ಅಡುಗೆಮನೆಗೊಂದು ಕೈಪಿಡಿ

ಓಹಾಯೋದಲ್ಲಿ ನಾವು ಬಾಡಿಗೆಗಿರುವ ಮನೆ 1950ರ ದಶಕದ ಕೊನೆಯಲ್ಲಿ ಕಟ್ಟಿದ್ದು. ಮುಂಬಾಗಿಲ ಪಕ್ಕ, ಕಾಲಿಂಗ್ ಬೆಲ್ ಹತ್ತಿರ, ಒಂದು ಹಿತ್ತಾಳೆಯ ಬಿಲ್ಲೆ ಇದೆ. ಬಂದ ಹೊಸದರಲ್ಲಿ ಅದನ್ನು ಸುಮ್ನೆ ಅಲಂಕಾರ ಅಂದುಕೊಂಡಿದ್ದೆ. ಒಂದು ದೀಪಾವಳಿಗೆ ಬಾಗಿಲು ಒರೆಸುವಾಗ ಅದಕ್ಕೂ ಹುಣಸೆಹಣ್ಣು ಹಚ್ಚಿ ತಿಕ್ಕಿದೆ. ಅಕ್ಷರಗಳು ಮೂಡಿದವು: ‘ಲಿವ್ ಬೆಟರ್ ಎಲೆಕ್ಟ್ರಿಕಲಿ’. ಕರೆಂಟಿನಿಂದ ಇನ್ನೂ ಚೆನ್ನಾಗಿ ಬಾಳಿ ಅಂತ.

ಆ ಬಿಲ್ಲೆ ಒಂದು ಜಾಹೀರಾತು. ಅರವತ್ತು ವರ್ಷ ದಾಟಿದರೂ ಗೋಡೆ ಬಿಟ್ಟಿಲ್ಲ. ನಮ್ಮ ಮನೆಗೆ ಗ್ಯಾಸ್ ಇಲ್ಲ, ಬದನೆಕಾಯಿ ಸುಟ್ಟು ಗೊಜ್ಜು ಮಾಡೋಣ ಅಂದರೆ ಬೆಂಕಿ ಇಲ್ಲ. ಅದರ ಮೂಲ ಆ ಬಿಲ್ಲೆಯಲ್ಲೇ ಇದೆ. ಅಲ್ಲಿಂದ ಶುರುವಾದ ಕುತೂಹಲ ಹಳೆಯ ಪತ್ರಿಕೆಗಳ ರಾಶಿಗೆ ಕರೆದುಕೊಂಡು ಹೋಯಿತು. ಫ್ರಿಜ್, ವಾಷಿಂಗ್ ಮಷೀನ್, ಡ್ರೈಯರ್, ಎಲೆಕ್ಟ್ರಿಕ್ ಒಲೆ, ಮಿಕ್ಸರ್. ಎಲ್ಲದರ ಪಕ್ಕದಲ್ಲೂ ಏಪ್ರನ್ ಕಟ್ಟಿ ನಗುವ ಒಬ್ಬ ಹೆಂಗಸು.

ಈಗ ಇಂಥ ಚಿತ್ರಗಳು ವಾಟ್ಸಾಪಿನಲ್ಲಿ ತುಂಬಾ ಓಡಾಡುತ್ತವೆ. ಕೆಲವರು ‘ಆ ಕಾಲವೇ ಚೆನ್ನಾಗಿತ್ತು’ ಅನ್ನುತ್ತಾರೆ. ಕೆಲವರು ‘ಹೆಂಗಸರಿಗೆ ಎಂಥ ಮೋಸ’ ಅನ್ನುತ್ತಾರೆ. ಎರಡೂ ಅವಸರದ ಮಾತು. ಒಂದು ಜಾಹೀರಾತನ್ನು ಎದುರಿಗಿಟ್ಟುಕೊಂಡು ಅರ್ಧ ಗಂಟೆ ಕೂತರೆ ಅದು ಇನ್ನೂ ಎಷ್ಟೋ ಹೇಳುತ್ತದೆ. ಕೂರುವುದು ಹೇಗೆ ಎಂಬುದಕ್ಕೆ ಈ ಬರಹ. ವಿನ್ಯಾಸ, ಇತಿಹಾಸ, ಪತ್ರಿಕೋದ್ಯಮ ಓದುವ ಮಕ್ಕಳಿಗೂ ಆದೀತು. ಅಡುಗೆಮನೆಯಲ್ಲಿ ಅರ್ಧ ಆಯುಸ್ಸು ಕಳೆದವರಿಗೆ ಇನ್ನೂ ಜಾಸ್ತಿ ಆದೀತು.

ಬೇಕಾದ ಸಾಮಗ್ರಿ ಕಡಿಮೆ. ಒಂದು ಪೆನ್ಸಿಲ್, ಒಂದು ಹಾಳೆ, ಒಂದು ಜಾಹೀರಾತು. ‘ಲೈಫ್’ ಪತ್ರಿಕೆಯ ಹಳೆಯ ಸಂಚಿಕೆಗಳು ಗೂಗಲ್ ಬುಕ್ಸ್‌ನಲ್ಲಿ ಪುಟಪುಟವಾಗಿ ಸಿಗುತ್ತವೆ. ಜಾಹೀರಾತಿಗಾಗಿ ಮಾಡಿದ ಕಿರುಚಿತ್ರಗಳು ಬೇಕಾದರೆ ಇಂಟರ್ನೆಟ್ ಆರ್ಕೈವ್‌ನಲ್ಲಿರುವ ಪ್ರೆಲಿಂಗರ್ ಸಂಗ್ರಹ ನೋಡಿ. ಎರಡಕ್ಕೂ ದುಡ್ಡು ಕೊಡಬೇಕಿಲ್ಲ.

ಹೆಜ್ಜೆ 1: ಮೊದಲು ಇಸವಿ ಹುಡುಕಿ

ಚಿತ್ರಕ್ಕಿಂತ ಮೊದಲು ಇಸವಿ. ಅದು ಗೊತ್ತಾಗದೆ ಮುಂದೆ ಹೋಗಬೇಡಿ. 1944ರ ಫ್ರಿಜ್ ಜಾಹೀರಾತಿಗೂ 1954ರ ಫ್ರಿಜ್ ಜಾಹೀರಾತಿಗೂ ಹೆಸರು ಬಿಟ್ಟರೆ ಬೇರೆ ಹೋಲಿಕೆ ಇಲ್ಲ.

1942ರಲ್ಲಿ ಅಮೆರಿಕ ಸರ್ಕಾರ ಮನೆಬಳಕೆಯ ಫ್ರಿಜ್, ವಾಷಿಂಗ್ ಮಷೀನ್ ತಯಾರಿಕೆ ನಿಲ್ಲಿಸಿತು. ಕಬ್ಬಿಣ, ತಾಮ್ರ, ಕಾರ್ಖಾನೆ ಎಲ್ಲ ಯುದ್ಧಕ್ಕೆ ಹೋದವು. ಮಾರಲು ಸರಕೇ ಇಲ್ಲ. ಆದರೂ ಕಂಪನಿಗಳು ಜಾಹೀರಾತು ನಿಲ್ಲಿಸಲಿಲ್ಲ! ಯುದ್ಧದ ಸಾಲಪತ್ರ ಕೊಳ್ಳಿ, ಗೆದ್ದ ಮೇಲೆ ನಿಮಗೆ ಇಂಥ ಅಡುಗೆಮನೆ ಕೊಡುತ್ತೇವೆ ಎಂದು ಬರೆದವು. ಆ ವರ್ಷಗಳಲ್ಲಿ ಹೆಂಗಸರೂ ಕಾರ್ಖಾನೆಗೆ ಹೋಗಿ ದುಡಿದರು. ಸಂಬಳ ಬಂತು, ಅಂಗಡಿಯಲ್ಲಿ ಕೊಳ್ಳಲು ಸಾಮಾನಿರಲಿಲ್ಲ, ದುಡ್ಡು ಉಳಿಯಿತು. ಹಾಗಾಗಿ 1945ರಲ್ಲಿ ಯುದ್ಧ ಮುಗಿದಾಗ ಆಸೆಯೂ ತಯಾರಿತ್ತು, ದುಡ್ಡೂ ತಯಾರಿತ್ತು.

ಮುಂದಿನ ಐದು ವರ್ಷದ ಜಾಹೀರಾತುಗಳಲ್ಲಿ ‘ಕೊನೆಗೂ ಬಂತು’ ಎಂಬ ಧ್ವನಿ ಜಾಸ್ತಿ. ಸೈನಿಕರು ವಾಪಸ್ ಬಂದರು. 1944ರ ಜಿ.ಐ. ಬಿಲ್ ಎಂಬ ಕಾನೂನಿನಿಂದ ಅವರಿಗೆ ಸುಲಭದ ಗೃಹಸಾಲ ಸಿಕ್ಕಿತು. ನ್ಯೂಯಾರ್ಕಿನ ಲಾಂಗ್ ಐಲೆಂಡ್‌ನಲ್ಲಿ 1947ರಿಂದ ಲೆವಿಟ್‌ಟೌನ್ ಎಂಬ ಹೊಸ ಬಡಾವಣೆ ಎದ್ದಿತು. ಆಲೂಗಡ್ಡೆ ಹೊಲಗಳ ಜಾಗದಲ್ಲಿ ಕೆಲವೇ ವರ್ಷಗಳಲ್ಲಿ 17,000ಕ್ಕೂ ಜಾಸ್ತಿ ಮನೆ. 1949ರ ಮಾದರಿಯ ಬೆಲೆ 7,990 ಡಾಲರ್. ಫ್ರಿಜ್, ಒಲೆ, ಬೆಂಡಿಕ್ಸ್ ವಾಷಿಂಗ್ ಮಷೀನ್ ಆ ಬೆಲೆಯಲ್ಲೇ ಸೇರಿದ್ದವು. ಯಂತ್ರದ ದುಡ್ಡು ಗೃಹಸಾಲದೊಳಗೆ ಕರಗಿ ಹೋಯಿತು. ಬೇರೆಯಾಗಿ ಕೊಂಡೆ ಎಂದು ಮನಸ್ಸಿಗೆ ಅನ್ನಿಸುವುದೇ ಇಲ್ಲ, ಅಲ್ವಾ?

1950ರ ನಂತರ ಕತೆ ತಿರುಗುತ್ತದೆ. 1940ರ ಜನಗಣತಿಯಲ್ಲಿ ಯಾಂತ್ರಿಕ ಫ್ರಿಜ್ ಇದ್ದ ಮನೆಗಳು ಸುಮಾರು ಶೇ. 44. 1950ರಲ್ಲಿ ಸುಮಾರು ಶೇ. 80. ಅಂದರೆ ಹೆಚ್ಚಿನವರ ಮನೆಗೆ ಫ್ರಿಜ್ ಬಂದಾಗಿತ್ತು. ಇನ್ನು ಮಾರಬೇಕಾದರೆ ಚೆನ್ನಾಗಿಯೇ ಇರುವ ಫ್ರಿಜ್ಜನ್ನು ಬದಲಾಯಿಸುವಂತೆ ಮಾಡಬೇಕು. ನಿಮ್ಮ ಜಾಹೀರಾತು ಈ ಗೆರೆಯ ಯಾವ ಕಡೆ ಇದೆ? ಹಾಳೆಯ ಮೇಲ್ಗಡೆ ಅದನ್ನು ಬರೆದಿಡಿ.

ಹೆಜ್ಜೆ 2: ಹಿಂದೆ ನಿಂತವರು ಯಾರು ನೋಡಿ

ಯಂತ್ರದ ಹೆಸರು ದೊಡ್ಡ ಅಕ್ಷರದಲ್ಲಿರುತ್ತದೆ. ಕೆಳಗಿನ ಸಣ್ಣ ಅಕ್ಷರ ಓದಿ. ಎಷ್ಟೋ ಸಲ ಅಲ್ಲಿ ಊರಿನ ವಿದ್ಯುತ್ ಕಂಪನಿಯ ಹೆಸರಿರುತ್ತದೆ.

ಕಾರಣ ಸರಳ. ಫ್ರಿಜ್ ಮಾರಿದವನಿಗೆ ಒಂದೇ ಸಲ ಲಾಭ. ಕರೆಂಟ್ ಮಾರುವವನಿಗೆ ತಿಂಗಳು ತಿಂಗಳೂ ಲಾಭ. ಅದಕ್ಕೇ ಕರೆಂಟ್ ಕಂಪನಿಗಳಿಗೆ ಯಂತ್ರದ ಮೇಲೆ ಅಷ್ಟು ಪ್ರೀತಿ. 1926ರಲ್ಲಿ ಅಲಬಾಮಾದ ವಿದ್ಯುತ್ ಕಂಪನಿಯಲ್ಲಿ ಹುಟ್ಟಿದ ‘ರೆಡ್ಡಿ ಕಿಲೋವಾಟ್’ ಎಂಬ ಗೊಂಬೆಯನ್ನು ನೀವು ಈ ಜಾಹೀರಾತುಗಳಲ್ಲಿ ಪದೇ ಪದೇ ಕಾಣುತ್ತೀರಿ. ಮಿಂಚಿನ ಗೆರೆಗಳ ಕೈಕಾಲು, ಮೂಗಿನ ಜಾಗದಲ್ಲಿ ಬಲ್ಬು. ‘ನಿಮ್ಮ ಎಲೆಕ್ಟ್ರಿಕ್ ಸೇವಕ’ ಎಂದು ಅವನು ತನ್ನನ್ನು ಕರೆದುಕೊಳ್ಳುತ್ತಾನೆ. ಈ ‘ಸೇವಕ’ ಎಂಬ ಪದಕ್ಕೆ ಒಂದು ಗೆರೆ ಎಳೆದಿಡಿ. ಆಮೇಲೆ ಬೇಕಾಗುತ್ತದೆ.

1956ರಲ್ಲಿ ‘ಲಿವ್ ಬೆಟರ್ ಎಲೆಕ್ಟ್ರಿಕಲಿ’ ಆಂದೋಲನ ಶುರುವಾಯಿತು. ಯಂತ್ರ ತಯಾರಿಸುವ ಜನರಲ್ ಎಲೆಕ್ಟ್ರಿಕ್, ವೆಸ್ಟಿಂಗ್‌ಹೌಸ್ ಕಂಪನಿಗಳು ಮುಂದಾಳುಗಳು. ಜೊತೆಗೆ ನೂರಾರು ವಿದ್ಯುತ್ ಕಂಪನಿಗಳು. ಮರುವರ್ಷ ‘ಮೆಡಾಲಿಯನ್ ಹೋಮ್’ ಯೋಜನೆ ಬಂತು. ಅಡುಗೆ, ಬಿಸಿನೀರು, ಮನೆ ಬೆಚ್ಚಗಿಡುವುದು, ಎಲ್ಲವೂ ಕರೆಂಟಿನಿಂದಲೇ ನಡೆಯುವ ಮನೆಗೆ ಚಿನ್ನದ ದರ್ಜೆಯ ಬಿಲ್ಲೆ. ನಮ್ಮ ಬಾಗಿಲ ಪಕ್ಕದಲ್ಲಿರುವುದು ಅದೇ. ಮನೆ ಕಟ್ಟಿಸುವವರಿಗೆ ಅದು ಗೌರವದ ಗುರುತಾಗಿತ್ತು. ಜನರಲ್ ಎಲೆಕ್ಟ್ರಿಕ್‌ನ ಟಿವಿ ಕಾರ್ಯಕ್ರಮವನ್ನು 1954ರಿಂದ 1962ರವರೆಗೆ ನಡೆಸಿಕೊಟ್ಟವರು ನಟ ರೊನಾಲ್ಡ್ ರೇಗನ್. ಕ್ಯಾಲಿಫೋರ್ನಿಯಾದ ಅವರ ಮನೆಗೆ ಕಂಪನಿಯೇ ಯಂತ್ರಗಳನ್ನು ತುಂಬಿಸಿ, ಆ ಮನೆಯನ್ನೇ ಟಿವಿಯಲ್ಲಿ ತೋರಿಸಿತು.

ಹೆಜ್ಜೆ 3: ಎಲ್ಲಿ ಅಚ್ಚಾಯಿತು, ಎಲ್ಲಿ ಕಾಣಿಸಿತು

ಲೇಡೀಸ್ ಹೋಮ್ ಜರ್ನಲ್, ಮೆಕಾಲ್ಸ್, ಗುಡ್ ಹೌಸ್‌ಕೀಪಿಂಗ್ ಹೆಂಗಸರ ಪತ್ರಿಕೆಗಳು. ಲೈಫ್, ಸ್ಯಾಟರ್ಡೇ ಈವ್ನಿಂಗ್ ಪೋಸ್ಟ್ ಇಡೀ ಮನೆಯವರು ಓದುವಂಥವು. ಒಂದೇ ಮಷೀನಿನ ಜಾಹೀರಾತು ಎರಡೂ ಕಡೆ ಸಿಕ್ಕರೆ ಪಕ್ಕಪಕ್ಕ ಇಟ್ಟು ನೋಡಿ. ಮಾತು ಬದಲಾಗಿರುತ್ತದೆ.

ಗುಡ್ ಹೌಸ್‌ಕೀಪಿಂಗ್‌ನ ಮುದ್ರೆ ಕಂಡರೆ ಒಂದು ವಿಷಯ ನೆನಪಿಡಿ. 1909ರಿಂದ ಇರುವ ಈ ಮುದ್ರೆಯ ಹಿಂದೆ ನಿಜವಾದ ಪರೀಕ್ಷೆ ಇತ್ತು, ಕೆಟ್ಟರೆ ಬದಲಿ ಕೊಡುವ ಭರವಸೆಯೂ ಇತ್ತು. ಆದರೆ ಅದು ಆ ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟವರಿಗೆ ಸಿಗುತ್ತಿದ್ದ ಮುದ್ರೆ. ಜಾಹೀರಾತನ್ನೇ ತೆಗೆದುಕೊಳ್ಳದೆ ಪರೀಕ್ಷೆ ಮಾಡುತ್ತಿದ್ದವರು 1936ರಲ್ಲಿ ಶುರುವಾದ ಕನ್ಸ್ಯೂಮರ್ಸ್ ಯೂನಿಯನ್. ಸಾಧ್ಯವಾದರೆ ಅದೇ ವರ್ಷದ ಅವರ ವರದಿ ಹುಡುಕಿ, ಜಾಹೀರಾತಿನ ಪಕ್ಕ ಇಡಿ.

ಟಿವಿಯ ವಿಷಯಕ್ಕೆ ಬಂದರೆ, 1950ರಲ್ಲಿ ಅಮೆರಿಕದ ಸುಮಾರು ಶೇ. 9ರಷ್ಟು ಮನೆಗಳಲ್ಲಿ ಟಿವಿ ಇತ್ತು. 1960ರಲ್ಲಿ ಸುಮಾರು ಶೇ. 87. ಈ ಹತ್ತು ವರ್ಷದಲ್ಲಿ ಒಂದು ಮುಖ ಎಲ್ಲರಿಗೂ ಪರಿಚಯವಾಯಿತು. ಬೆಟ್ಟಿ ಫರ್ನೆಸ್. 1949ರಿಂದ ವೆಸ್ಟಿಂಗ್‌ಹೌಸ್ ಪರವಾಗಿ ನೇರಪ್ರಸಾರದಲ್ಲಿ ಫ್ರಿಜ್, ಒಲೆ ತೋರಿಸುತ್ತಿದ್ದರು. 1952ರಲ್ಲಿ ಎರಡೂ ದೊಡ್ಡ ಪಕ್ಷಗಳ ಅಧಿವೇಶನ ಟಿವಿಯಲ್ಲಿ ಬಂದಾಗ ರಾಜಕಾರಣಿಗಳ ಭಾಷಣದ ನಡುನಡುವೆ ಬಂದವರು ಇವರೇ. ಆಕೆಯ ಹಳೆಯ ತುಣುಕುಗಳನ್ನು ನೋಡಿ. ಅಂಗಡಿಯವರ ಹಾಗೆ ಕೂಗುವುದಿಲ್ಲ. ಏಪ್ರನ್ ಕೂಡ ಕಟ್ಟುವುದಿಲ್ಲ. ಒಳ್ಳೆಯ ಉಡುಪಿನಲ್ಲಿ ನಿಂತು, ತಿಳಿದ ಅಕ್ಕ ಹೇಳಿದ ಹಾಗೆ ಹೇಳುತ್ತಾರೆ. ಇಂಥ ಮಾತನ್ನು ಜನ ನಂಬಿದ್ದರಲ್ಲಿ ಆಶ್ಚರ್ಯವಿಲ್ಲ. ನನಗೂ ನಂಬಬೇಕು ಅನ್ನಿಸುತ್ತದೆ.

ಹೆಜ್ಜೆ 4: ಮಾತು ಯಾರ ಜೊತೆ, ಸಹಿ ಯಾರದು?

‘ನೀವು’ ಎಂದು ಬಂದ ಕಡೆಯೆಲ್ಲ ಪೆನ್ಸಿಲಿನಿಂದ ಸುತ್ತು ಹಾಕಿ. ಆ ನೀವು ಯಾರು?

ಕೆಲವು ಜಾಹೀರಾತು ಹೆಂಗಸಿನ ಜೊತೆ ಮಾತಾಡುತ್ತವೆ. ಕೆಲವು, ಅದರಲ್ಲೂ ಡಿಸೆಂಬರಿನವು, ಗಂಡನ ಜೊತೆ. ಕ್ರಿಸ್‌ಮಸ್ ಬೆಳಿಗ್ಗೆ ಹೂವರ್ ಸಿಕ್ಕರೆ ಅವಳಿಗೆ ಜಾಸ್ತಿ ಸಂತೋಷ ಎಂಬ ಧಾಟಿ. ಹೂವರ್ ಅಂದರೆ ಕಸ ಎಳೆಯುವ ವ್ಯಾಕ್ಯೂಮ್ ಕ್ಲೀನರ್. ಗುಡಿಸುವ ಯಂತ್ರ ಪ್ರೀತಿಯ ಉಡುಗೊರೆಯಾಯಿತು. ಗುಡಿಸುವುದು ಯಾರ ಕೆಲಸ ಎಂಬುದು ಅಲ್ಲಿ ಮಾತಿಲ್ಲದೆ ತೀರ್ಮಾನವಾಗಿ ಹೋಯಿತು.

ಈಗ ಬೆಲೆ ನೋಡಿ. ಬಹಳ ಕಡೆ ಪೂರ್ತಿ ಬೆಲೆ ಇರುವುದಿಲ್ಲ. ‘ವಾರಕ್ಕೆ ಇಷ್ಟು ಡಾಲರ್’ ಎಂದಿರುತ್ತದೆ. ಕಂತಿನ ಮೇಲೆ ವರ್ಷಕ್ಕೆ ಎಷ್ಟು ಬಡ್ಡಿ ಬೀಳುತ್ತದೆ ಎಂದು ಒಂದೇ ಲೆಕ್ಕದಲ್ಲಿ ಸ್ಪಷ್ಟವಾಗಿ ಹೇಳಲೇಬೇಕು ಎಂಬ ದೇಶವ್ಯಾಪಿ ಕಾನೂನು ಬಂದದ್ದು 1968ರಲ್ಲಿ. ಆಗ ಅಧ್ಯಕ್ಷ ಜಾನ್ಸನ್ನರಿಗೆ ಗ್ರಾಹಕ ವಿಷಯಗಳ ಸಲಹೆಗಾರರಾಗಿದ್ದವರು ಯಾರು ಗೊತ್ತಾ? ಅದೇ ಬೆಟ್ಟಿ ಫರ್ನೆಸ್. ಫ್ರಿಜ್ ಮಾರಿದ ಕೈ ಆಮೇಲೆ ಕೊಳ್ಳುವವರ ಪರ ನಿಂತಿತು. ಆಕೆಯ ಬಗ್ಗೆ ನನಗೆ ಗೌರವ ಹೆಚ್ಚಾದದ್ದು ಇದು ತಿಳಿದ ಮೇಲೆ.

ಇನ್ನೊಂದು ವಿಷಯ. ಯಂತ್ರ ಆರಿಸುವುದು ಹೆಂಗಸು, ಆದರೆ ಸಾಲಕ್ಕೆ ಸಾಮಾನ್ಯವಾಗಿ ಗಂಡನ ಸಹಿ ಬೇಕಿತ್ತು. ಮದುವೆಯಾಗಿದ್ದಾಳೆ, ಹೆಂಗಸು ಎಂಬ ಕಾರಣಕ್ಕೆ ಸಾಲ ನಿರಾಕರಿಸಬಾರದು ಎಂದು ಅಮೆರಿಕದಲ್ಲಿ ಕಾನೂನಾದದ್ದು 1974ರಲ್ಲಿ. ಜಾಹೀರಾತಿನ ತುಂಬ ಅವಳಿಗೆ ‘ನಿಮ್ಮ ಅಡುಗೆಮನೆ, ನಿಮ್ಮ ಆಯ್ಕೆ’. ಕಾಗದದ ಮೇಲೆ ಅವಳ ಹೆಸರಿಗೆ ಬೆಲೆ ಇಲ್ಲ. ಈ ಎರಡನ್ನೂ ಒಟ್ಟಿಗೆ ಮನಸ್ಸಿನಲ್ಲಿಟ್ಟುಕೊಂಡು ಓದಿ.

ಹೆಜ್ಜೆ 5: ಬಣ್ಣ ನೋಡಿ, ಬಾಗಿಲು ನೋಡಿ

1950ರ ದಶಕದ ಮೊದಲಲ್ಲಿ ಯಂತ್ರಗಳೆಲ್ಲ ಹೆಚ್ಚುಕಡಿಮೆ ಬಿಳಿ. ದಶಕದ ಮಧ್ಯದಲ್ಲಿ ತಿಳಿ ಗುಲಾಬಿ, ಹಳದಿ, ನಸುನೀಲಿ, ಹಸಿರು ಬಂದವು. ಆಗ ಫ್ರಿಜಿಡೇರ್ ಎಂಬ ಫ್ರಿಜ್ ಕಂಪನಿ, ಕಾರು ಮಾಡುವ ಜನರಲ್ ಮೋಟರ್ಸ್‌ನ ಕೈಯಲ್ಲಿತ್ತು. ಕಾರಿನ ಪಾಠವನ್ನೇ ಅಡುಗೆಮನೆಗೂ ತಂದರು. ಪ್ರತಿ ವರ್ಷ ಹೊಸ ಮಾದರಿ, ಹೊಸ ಬಣ್ಣ, ಒಂಚೂರು ಬೇರೆ ಹಿಡಿಕೆ. ಗುಲಾಬಿ ಒಲೆ ಕೊಂಡ ಮೇಲೆ ಪಕ್ಕದ ಬಿಳಿ ಫ್ರಿಜ್ ಹಳೆಯದಾಗಿ ಕಾಣುತ್ತದೆ. ಅದು ತಣ್ಣಗೆ ಇಡುವುದರಲ್ಲಿ ಏನೂ ಕಡಿಮೆ ಮಾಡಿಲ್ಲ, ಪಾಪ.

ಮಿಲ್ವಾಕಿಯ ವಿನ್ಯಾಸಕಾರ ಬ್ರೂಕ್ಸ್ ಸ್ಟೀವನ್ಸ್ ಇದನ್ನು ಮುಚ್ಚುಮರೆಯಿಲ್ಲದೆ ಹೇಳಿದರು. ಇನ್ನೂ ಸ್ವಲ್ಪ ಹೊಸದು, ಸ್ವಲ್ಪ ಉತ್ತಮವಾದದ್ದು, ಬೇಕಾಗುವುದಕ್ಕಿಂತ ಸ್ವಲ್ಪ ಬೇಗ ಬೇಕು ಎಂಬ ಆಸೆಯನ್ನು ಕೊಳ್ಳುವವರಲ್ಲಿ ಬಿತ್ತಬೇಕು ಎಂಬುದು 1954ರಿಂದ ಅವರು ಪ್ರಚಾರ ಮಾಡಿದ ತತ್ವ. ಅವರೇ ಹ್ಯಾಮಿಲ್ಟನ್ ಎಂಬ ಕಂಪನಿಯ ಬಟ್ಟೆ ಒಣಗಿಸುವ ಯಂತ್ರದ ಬಾಗಿಲಿಗೆ ಗಾಜು ಹಾಕಿಸಿದವರು. ಗಾಜಿಲ್ಲದಿದ್ದರೆ ಅದು ಬರೀ ಬಿಳಿ ಪೆಟ್ಟಿಗೆ. ಗಾಜಿದ್ದರೆ ಅಂಗಡಿಗೆ ಬಂದವರು ಒಳಗೆ ಬಣ್ಣದ ಬಟ್ಟೆ ಗಿರಗಿರ ತಿರುಗುವುದನ್ನು ನಿಂತು ನೋಡುತ್ತಾರೆ.

ಬಾಗಿಲಿನ ಬಗ್ಗೆ ಜಾಹೀರಾತು ಹೇಳದ ಒಂದು ಮಾತಿದೆ. ಅದನ್ನು ಹೇಳದೆ ಮುಂದೆ ಹೋಗಲು ನನಗೆ ಮನಸ್ಸಾಗುವುದಿಲ್ಲ. ಆಗಿನ ಫ್ರಿಜ್ಜುಗಳಿಗೆ ಹೊರಗಿನಿಂದ ಬೀಳುವ ಚಿಲಕ ಇತ್ತು. ಆಡುವ ಮಕ್ಕಳು ಒಳಗೆ ಅಡಗಿಕೊಂಡರೆ ತೆರೆಯಲು ಆಗುತ್ತಿರಲಿಲ್ಲ. ಹಳೆಯದೆಂದು ಹಿತ್ತಲಿಗೆ ಎಸೆದ ಫ್ರಿಜ್ಜುಗಳೊಳಗೆ ಮಕ್ಕಳು ಉಸಿರುಕಟ್ಟಿ ಸತ್ತರು. ಹೊಸದು ಕೊಳ್ಳಿ, ಹಳೆಯದು ಎಸೆಯಿರಿ ಎಂಬ ಕಾಲದಲ್ಲಿ ಎಸೆದ ಫ್ರಿಜ್ಜುಗಳೂ ಜಾಸ್ತಿ. 1956ರಲ್ಲಿ ಕಾನೂನು ಬಂತು. 1958ರ ಅಕ್ಟೋಬರ್ ಕೊನೆಯ ನಂತರ ತಯಾರಾದ ಫ್ರಿಜ್ಜನ್ನು ಒಳಗಿನಿಂದ ತಳ್ಳಿದರೂ ಬಾಗಿಲು ತೆರೆಯಲೇಬೇಕು ಎಂದಾಯಿತು. ನಿಮ್ಮ ಜಾಹೀರಾತು ಅದಕ್ಕಿಂತ ಮುಂಚಿನದಾದರೆ ಹಿಡಿಕೆಯನ್ನು ಒಮ್ಮೆ ಹತ್ತಿರದಿಂದ ನೋಡಿ.

ಹೆಜ್ಜೆ 6: ಗಂಟೆಗಳನ್ನು ನೀವೇ ಎಣಿಸಿ

ಇಡೀ ಕೆಲಸದಲ್ಲಿ ಇದೇ ಮುಖ್ಯ ಹೆಜ್ಜೆ. ಬೇರೆಯವನ್ನು ಬಿಟ್ಟರೂ ಇದನ್ನು ಬಿಡಬೇಡಿ.

ಎಲ್ಲ ಜಾಹೀರಾತುಗಳ ಒಳಗಿನ ಮಾತು ಒಂದೇ: ನಿಮ್ಮ ಶ್ರಮ ಉಳಿಯುತ್ತದೆ, ಸಮಯ ಉಳಿಯುತ್ತದೆ. 1959ರ ಜುಲೈ 24ರಂದು ಮಾಸ್ಕೋದ ಸೊಕೊಲ್ನಿಕಿ ಪಾರ್ಕಿನಲ್ಲಿ ಅಮೆರಿಕದ ಪ್ರದರ್ಶನ ಶುರುವಾದಾಗ ಉಪಾಧ್ಯಕ್ಷ ನಿಕ್ಸನ್ ಸೋವಿಯತ್ ನಾಯಕ ಕ್ರುಶ್ಚೇವರ ಮುಂದೆ ಇದೇ ಮಾತನ್ನು ಆಡಿದರು. ಜನರಲ್ ಎಲೆಕ್ಟ್ರಿಕ್‌ನ ಹಳದಿ ಅಡುಗೆಮನೆ ತೋರಿಸಿ, ನಮ್ಮ ಗೃಹಿಣಿಯರ ಬದುಕು ಹಗುರ ಮಾಡುವುದು ನಮ್ಮ ಉದ್ದೇಶ ಅಂದರು. ಹೆಂಗಸರ ಬಗ್ಗೆ ನಿಮ್ಮ ಬಂಡವಾಳಶಾಹಿ ಧೋರಣೆ ನಮ್ಮಲ್ಲಿಲ್ಲ ಎಂದು ಕ್ರುಶ್ಚೇವ್ ಉತ್ತರಿಸಿದರು. ಇಬ್ಬರು ಗಂಡಸರು ವಾಷಿಂಗ್ ಮಷೀನಿನ ಪಕ್ಕ ನಿಂತು ವಾದ ಮಾಡುವ ಆ ಫೋಟೋ ಲೋಕಪ್ರಸಿದ್ಧ.

ಬದುಕು ಹಗುರವಾಯಿತೇ? ಜೋನ್ ವ್ಯಾನೆಕ್ ಎಂಬ ಸಂಶೋಧಕಿ 1974ರಲ್ಲಿ ಲೆಕ್ಕ ಹಾಕಿ ಪ್ರಕಟಿಸಿದರು. 1924ರಲ್ಲಿ ಹೊರಗೆ ದುಡಿಯದ ಗೃಹಿಣಿ ವಾರಕ್ಕೆ ಸುಮಾರು 52 ಗಂಟೆ ಮನೆಗೆಲಸ ಮಾಡುತ್ತಿದ್ದಳು. 1960ರ ದಶಕದಲ್ಲಿ ಸುಮಾರು 55 ಗಂಟೆ. ಈ ಎರಡು ಅಂಕಿಗಳ ನಡುವೆ ಅಷ್ಟೂ ಯಂತ್ರಗಳು ಬಂದಿದ್ದವು. ಬಟ್ಟೆ ಒಗೆಯಲು ಹೋಗುವ ಸಮಯವೂ ಕಡಿಮೆಯಾಗಲಿಲ್ಲ, ಏರಿತು.

ಹೇಗೆ ಸಾಧ್ಯ ಎನ್ನುತ್ತೀರಾ? ನಿಮ್ಮ ಹಾಳೆಯಲ್ಲಿ ಎರಡು ಸಾಲು ಮಾಡಿ. ಎಡಕ್ಕೆ ‘ಯಂತ್ರ ಮಾಡಿದ್ದು’. ಬಲಕ್ಕೆ ‘ಅವಳು ಮಾಡಿದ್ದು’.

ವಾಷಿಂಗ್ ಮಷೀನನ್ನೇ ತೆಗೆದುಕೊಳ್ಳಿ. ಎಡಕ್ಕೆ: ನೀರು ತುಂಬುವುದು, ತಿಕ್ಕುವುದು, ಜಾಲಿಸುವುದು, ಹಿಂಡುವುದು. ಬೆನ್ನು ಮುರಿಯುವ ಕೆಲಸ ಇವೇ. ಇವು ಹೋದದ್ದು ದೊಡ್ಡ ಉಪಕಾರ. ಒಗೆಯುವ ಕಲ್ಲಿನ ಮುಂದೆ ಬಗ್ಗಿದ ಯಾರೂ ಇದನ್ನು ಸಣ್ಣದು ಅನ್ನುವುದಿಲ್ಲ. ನಾನಂತೂ ಅನ್ನುವುದಿಲ್ಲ. ಈಗ ಬಲಕ್ಕೆ: ಕೊಳೆಬಟ್ಟೆ ಹುಡುಕುವುದು, ಬಿಳಿ ಬಣ್ಣ ಬೇರೆ ಮಾಡುವುದು, ಜೇಬು ನೋಡುವುದು, ಕಲೆಗೆ ಮೊದಲೇ ಸೋಪು ಹಚ್ಚುವುದು, ತೆಗೆಯುವುದು, ಒಣಹಾಕುವುದು, ಇಸ್ತ್ರಿ, ಮಡಿಸುವುದು, ಕಪಾಟಿಗೆ ಇಡುವುದು. ಜಾಹೀರಾತಿನ ಚಿತ್ರದಲ್ಲಿ ಬಲಗಡೆಯದ್ದು ಒಂದೂ ಇರುವುದಿಲ್ಲ. ಮಡಿಸಿಟ್ಟ ಟವೆಲಿನ ರಾಶಿ ತಾನಾಗಿಯೇ ಬಂದ ಹಾಗೆ ಪಕ್ಕದಲ್ಲಿ ಕೂತಿರುತ್ತದೆ.

ಮೊದಲು ವಾರಕ್ಕೊಂದು ದಿನ ಬಟ್ಟೆ. ಎಷ್ಟೋ ಮನೆಗಳಲ್ಲಿ ಸೋಮವಾರ ಒಗೆತ, ಮಂಗಳವಾರ ಇಸ್ತ್ರಿ. ಮಷೀನ್ ಮನೆಯಲ್ಲೇ ಇದ್ದರೆ ದಿನಾ ಒಗೆಯಬಹುದು. ಒಗೆಯಬಹುದು ಎಂಬುದು ಕ್ರಮೇಣ ಒಗೆಯಬೇಕು ಎಂದಾಯಿತು. ಅಂಗಿ ಒಂದೇ ದಿನಕ್ಕೆ ಕೊಳೆ ಅನ್ನಿಸಿಕೊಂಡಿತು. 1946ರಲ್ಲಿ ಬಂದ ಟೈಡ್ ಪುಡಿಯ ಜಾಹೀರಾತುಗಳು ಮಷೀನ್ ಕಂಪನಿಗಳ ಶಿಫಾರಸನ್ನು ಹೇಳಿಕೊಳ್ಳುತ್ತಿದ್ದವು. ಇನ್ನೂ ಬೆಳ್ಳಗೆ, ಇನ್ನೂ ಸ್ವಚ್ಛ ಎಂಬ ಮಾತಿನ ಜೊತೆ ಅವಳ ಅಳತೆಗೋಲೂ ಮೇಲೇರುತ್ತಾ ಹೋಯಿತು.

ರೂತ್ ಶ್ವಾರ್ಟ್ಜ್ ಕೋವನ್ ಎಂಬ ಇತಿಹಾಸಕಾರ್ತಿ 1980ರ ದಶಕದಲ್ಲಿ ಇನ್ನೊಂದು ಮುಖ ತೋರಿಸಿದರು. ಹಿಂದೆ ಎಷ್ಟೋ ಮನೆಯ ಬಟ್ಟೆ ಹೊರಗಿನ ಲಾಂಡ್ರಿಗೆ ಹೋಗುತ್ತಿತ್ತು. ಮಂಜುಗಡ್ಡೆ, ಹಾಲು, ದಿನಸಿ ಬಾಗಿಲಿಗೆ ಬರುತ್ತಿದ್ದವು. ಮಷೀನ್ ಬಂದಾಗ ಲಾಂಡ್ರಿಯ ಕೆಲಸ ಮನೆಗೆ ವಾಪಸ್ ಬಂತು. ದೊಡ್ಡ ಫ್ರಿಜ್ ಮತ್ತು ಕಾರು ಬಂದಾಗ ಸಾಮಾನು ತರುವ ಕೆಲಸ ತಾಯಿಯ ಪಾಲಿಗೆ ಬಂತು. ಮನೆಯಲ್ಲಿ ಮಿಕ್ಕವರು ಮಾಡುತ್ತಿದ್ದ ಕೈಕೆಲಸಗಳೂ ಹೋದವು. ಸೌದೆ ಒಡೆಯುವ ಗಂಡನಿಗೆ, ನೀರು ಹೊರುವ ಮಗನಿಗೆ ಬಿಡುವು ಸಿಕ್ಕಿತು. ಗುಂಡಿ ಒತ್ತಲು ಒಬ್ಬಳೇ ಸಾಕಲ್ವಾ?

ಲೆವಿಟ್‌ಟೌನಿನ ನಿಯಮವನ್ನೂ ಇಲ್ಲೇ ಸೇರಿಸಿ. ಬೇಲಿಯಂತೆ ಉದ್ದನೆಯ ತಂತಿ ಕಟ್ಟಿ ಬಟ್ಟೆ ಒಣಹಾಕುವಂತಿರಲಿಲ್ಲ. ಮಡಚಿಡಬಹುದಾದ, ತಿರುಗುವ ಸ್ಟ್ಯಾಂಡ್ ಮಾತ್ರ, ಅದೂ ಹಿತ್ತಲಲ್ಲಿ. ವಾರದ ಕೊನೆಗೆ ಅದೂ ಇಲ್ಲ. ಇಂಥ ಬಡಾವಣೆಯಲ್ಲಿ ಡ್ರೈಯರ್ ಜಾಹೀರಾತು ಓದುವವಳಿಗೆ ಅದು ಐಷಾರಾಮವಾಗಿ ಕಾಣುವುದಿಲ್ಲ. ಬಿಸಿಲು ಪುಕ್ಕಟೆ ಇದ್ದರೂ ಅದಕ್ಕೆ ನಿಯಮ ಅಡ್ಡ ಬಂದಿತ್ತು.

ಇಷ್ಟೆಲ್ಲ ನಡೆಯುವಾಗ ಆ ಪೂರ್ಣಾವಧಿ ಗೃಹಿಣಿಯ ಚಿತ್ರವೇ ಸತ್ಯದಿಂದ ದೂರ ಸರಿಯುತ್ತಿತ್ತು. 1960ರ ಹೊತ್ತಿಗೆ ಅಮೆರಿಕದ ಮದುವೆಯಾದ ಹೆಂಗಸರಲ್ಲಿ ಸುಮಾರು ಶೇ. 30 ಮಂದಿ ಸಂಬಳದ ಕೆಲಸದಲ್ಲಿದ್ದರು. ಫ್ರಿಜ್ಜಿನ ಕಂತು ಅವರ ಸಂಬಳದಿಂದಲೂ ಹೋಗುತ್ತಿತ್ತು. ಜಾಹೀರಾತಿನಲ್ಲಿ ಮಾತ್ರ ಆಫೀಸಿಗೆ ಹೊರಟ ಹೆಂಗಸು ಅಪರೂಪ.

ಹೆಜ್ಜೆ 7: ಅವಳ ಮನಸ್ಸನ್ನು ಅಳೆದವರ ಸುಳಿವು ಹಿಡಿಯಿರಿ

ವಿಯೆನ್ನಾದಲ್ಲಿ ಹುಟ್ಟಿ ಅಮೆರಿಕಕ್ಕೆ ಬಂದ ಅರ್ನೆಸ್ಟ್ ಡಿಕ್ಟರ್ ಎಂಬ ಮನಶ್ಶಾಸ್ತ್ರಜ್ಞ ನ್ಯೂಯಾರ್ಕಿನ ಹತ್ತಿರ ಒಂದು ಸಂಸ್ಥೆ ನಡೆಸುತ್ತಿದ್ದರು. ಗೃಹಿಣಿಯರನ್ನು ಕೂರಿಸಿ ಗಂಟೆಗಟ್ಟಲೆ ಮಾತಾಡಿಸುವುದು, ಅವರ ಆಸೆ ಅಳುಕುಗಳನ್ನು ಕಂಪನಿಗಳಿಗೆ ತಿಳಿಸುವುದು ಅವರ ಕೆಲಸ. ಸ್ತ್ರೀವಾದಿ ಲೇಖಕಿ ಬೆಟ್ಟಿ ಫ್ರೀಡನ್ ಇಂಥ ವರದಿಗಳನ್ನು ಓದಿ 1963ರಲ್ಲಿ ತಮ್ಮ ಪುಸ್ತಕದಲ್ಲಿ ಬರೆದರು. ಅದರಲ್ಲಿ 1945ರ ಒಂದು ಸಮೀಕ್ಷೆಯ ವಿಷಯ ಬರುತ್ತದೆ. ಹೆಂಗಸರನ್ನು ಅದು ಮೂರು ಗುಂಪು ಮಾಡಿತು. ಮನೆಯೇ ಸರ್ವಸ್ವ ಅನ್ನುವವರು, ಉದ್ಯೋಗವೇ ಮುಖ್ಯ ಅನ್ನುವವರು, ನಡುವಿನವರು. ಕಂಪನಿಗಳಿಗೆ ಬೇಕಾದವರು ನಡುವಿನವರು. ಅವರು ಯಂತ್ರದ ಸಹಾಯ ಒಪ್ಪುತ್ತಾರೆ. ಆದರೆ ಯಂತ್ರವೇ ಎಲ್ಲ ಮಾಡುತ್ತದೆ ಎಂದರೆ ಬೇಸರಪಡುತ್ತಾರೆ, ತಮ್ಮ ಕೈಗುಣಕ್ಕೂ ಜಾಗ ಬೇಕು ಅನ್ನುತ್ತಾರೆ.

ಹಾಗಾಗಿ ಜಾಹೀರಾತಿನಲ್ಲಿ ‘ಸುಲಭ’ ಎಂಬ ಪದದ ಹತ್ತಿರದಲ್ಲೇ ‘ನಿಮ್ಮ ಕೌಶಲ’, ‘ನಿಮ್ಮ ಪ್ರೀತಿ’ ಎಂಬ ಅರ್ಥದ ಮಾತು ಇದೆಯೇ ಹುಡುಕಿ. ಇದ್ದರೆ ಅದು ಆಕಸ್ಮಿಕವಾಗಿ ಬಂದದ್ದಲ್ಲ. ಡಿಕ್ಟರರ ಕಾಗದಪತ್ರಗಳು ಈಗ ಡೆಲವೇರ್ ರಾಜ್ಯದ ಹ್ಯಾಗ್ಲಿ ಗ್ರಂಥಾಲಯದಲ್ಲಿವೆ.

ಹೆಜ್ಜೆ 8: ಚಿತ್ರದಲ್ಲಿ ಇಲ್ಲದವರನ್ನು ಹುಡುಕಿ

‘ಸೇವಕ’ ಎಂಬ ಪದಕ್ಕೆ ಗೆರೆ ಎಳೆದಿದ್ದಿರಲ್ಲ, ಈಗ ಅಲ್ಲಿಗೆ ಬನ್ನಿ. ಅಮೆರಿಕದ ಎಷ್ಟೋ ಮನೆಗಳಲ್ಲಿ, ದಕ್ಷಿಣದಲ್ಲಿ ವಿಶೇಷವಾಗಿ, ಬಟ್ಟೆ ಒಗೆದು ಅಡುಗೆ ಮಾಡಿದವರು ಕಪ್ಪು ಹೆಂಗಸರು. 1935ರ ಸಾಮಾಜಿಕ ಭದ್ರತೆ ಕಾನೂನು ಮನೆಗೆಲಸದವರನ್ನು ಹೊರಗಿಟ್ಟಿತ್ತು. ಅವರಿಗೆ ಅದು ಸಿಗಲು ಶುರುವಾದದ್ದು 1950ರ ತಿದ್ದುಪಡಿಯ ನಂತರ. ಕನಿಷ್ಠ ಕೂಲಿಯ ಕಾನೂನಿಗೆ ಸೇರಿದ್ದು 1974ರಲ್ಲಿ. ರೆಡ್ಡಿ ಕಿಲೋವಾಟ್ ತಾನು ಅಗ್ಗದ ಸೇವಕ ಎಂದಾಗ, ಅವನನ್ನು ಯಾರ ಕೂಲಿಯ ಜೊತೆ ಹೋಲಿಸಲಾಗುತ್ತಿತ್ತು ಎಂಬುದು ಓದುವವರಿಗೆ ಗೊತ್ತಿತ್ತು.

ಆ ಹೆಂಗಸರಿಗೆ ತಮ್ಮದೇ ಮನೆ ಬೇಕಿರಲಿಲ್ಲವೇ? ಲೆವಿಟ್‌ಟೌನಿನ ಮೊದಲ ಕರಾರುಪತ್ರಗಳಲ್ಲಿ ಬಿಳಿಯರಲ್ಲದವರು ಈ ಮನೆಗಳಲ್ಲಿ ವಾಸಿಸುವಂತಿಲ್ಲ ಎಂದು ಬರೆದಿತ್ತು. ಮನೆಗೆ ಕೆಲಸಕ್ಕೆ ಬರುವ ಆಳುಗಳಿಗೆ ಮಾತ್ರ ವಿನಾಯಿತಿ. ಸುಲಭ ಸಾಲ, ಸೇರಿಸಿಕೊಟ್ಟ ಬೆಂಡಿಕ್ಸ್, ಇವೆಲ್ಲ ಆ ಬೇಲಿಯೊಳಗಿನ ಸಂಗತಿಗಳು. ಆದ್ದರಿಂದ 1945ರಲ್ಲಿ ಶಿಕಾಗೋದಲ್ಲಿ ಜಾನ್ ಎಚ್. ಜಾನ್ಸನ್ ಕಪ್ಪು ಓದುಗರಿಗಾಗಿ ಶುರುಮಾಡಿದ ‘ಎಬೊನಿ’ ಪತ್ರಿಕೆಯನ್ನೂ ತೆಗೆದು ನೋಡಿ. ಅಲ್ಲಿ ಫ್ರೀಡಾ ಡಿನೈಟ್ ಆಹಾರ ವಿಭಾಗದ ಸಂಪಾದಕಿಯಾಗಿ ಬರೆಯುತ್ತಿದ್ದರು. ಕಪ್ಪು ಗೃಹಿಣಿ ಅಲ್ಲಿ ತನ್ನ ಅಡುಗೆಮನೆಯ ಒಡತಿಯಾಗಿ ಕಾಣುತ್ತಾಳೆ. ಒಂದೇ ವರ್ಷದ ಲೈಫ್ ಮತ್ತು ಎಬೊನಿ ಪಕ್ಕಪಕ್ಕ ಇಟ್ಟಾಗ ನನಗೆ ಕಂಡಷ್ಟು ಬೇರೆ ಎಲ್ಲೂ ಕಂಡಿಲ್ಲ.

ಹೆಜ್ಜೆ 9: ಕೇಳಿದ ಕತೆಯನ್ನು ಒಮ್ಮೆ ಪರೀಕ್ಷಿಸಿ

ಈ ವಿಷಯದಲ್ಲಿ ಚಂದದ ಕತೆಗಳು ಬಹಳ. ಬೆಟ್ಟಿ ಫರ್ನೆಸ್ ನೇರಪ್ರಸಾರದಲ್ಲಿ ಫ್ರಿಜ್ ಬಾಗಿಲು ಎಳೆದರೂ ತೆರೆಯಲಿಲ್ಲ ಎಂಬುದು ಒಂದು. ಘಟನೆ ನಿಜ, 1954ರದು. ಆದರೆ ಅಂದು ಬಾಗಿಲು ಎಳೆದವರು ಜೂನ್ ಗ್ರಹಾಂ, ಫರ್ನೆಸ್‌ರ ಬದಲಿಗೆ ಬಂದಿದ್ದವರು. ಡಿಕ್ಟರ್ ಹೇಳಿದ್ದಕ್ಕೇ ಕೇಕ್ ಪುಡಿಗೆ ಮೊಟ್ಟೆ ಒಡೆದು ಹಾಕುವ ಪದ್ಧತಿ ಬಂತು ಎಂಬುದು ಇನ್ನೊಂದು. ಪಿಟ್ಸ್‌ಬರ್ಗಿನ ಡಫ್ ಎಂಬ ಕಂಪನಿ 1930ರ ದಶಕದಲ್ಲೇ ತಾಜಾ ಮೊಟ್ಟೆ ಹಾಕುವ ಕೇಕ್ ಪುಡಿಗೆ ಪೇಟೆಂಟ್ ಪಡೆದಿತ್ತು. ಹಂಚುವ ಮೊದಲು ಇಸವಿ ನೋಡಿ. ಅಷ್ಟು ಸಾಕು.

ಹೆಜ್ಜೆ 10: ಇನ್ನೂ ನಮ್ಮ ಜೊತೆ ಇರುವವರನ್ನು ಕೇಳಿ

ಆ ಜಾಹೀರಾತುಗಳನ್ನು ಹೊಸದಾಗಿ ಓದಿದ ಹೆಂಗಸರು ಈಗ ತೊಂಬತ್ತರ ಆಸುಪಾಸು. ಅಮೆರಿಕದಲ್ಲಿರುವ ಕನ್ನಡಿಗರಿಗೆ ಇದೊಂದು ಅವಕಾಶ. ನಿಮ್ಮ ಬೀದಿಯಲ್ಲೇ ಅಂಥವರು ಇರಬಹುದು. ಒಂದು ಡಬ್ಬಿ ಚಕ್ಕುಲಿ ಹಿಡಿದುಕೊಂಡು ಹೋಗಿ, ಜಾಹೀರಾತನ್ನು ಮೇಜಿನ ಮೇಲಿಡಿ.

‘ಆ ಕಾಲ ಹೇಗಿತ್ತು’ ಎಂದು ಕೇಳಬೇಡಿ. ಅದಕ್ಕೆ ಎಲ್ಲರೂ ‘ಚೆನ್ನಾಗಿತ್ತು’ ಅನ್ನುತ್ತಾರೆ. ಸಣ್ಣ ಸಣ್ಣದು ಕೇಳಿ. ಮಷೀನ್ ಬರುವ ಮುಂಚೆ ವಾರಕ್ಕೆ ಎಷ್ಟು ಸಲ ಒಗೀತಿದ್ರಿ? ಬಂದ ಮೇಲೆ? ಕಂತು ಎಷ್ಟಿತ್ತು, ಕಟ್ಟುತ್ತಿದ್ದವರು ಯಾರು? ಬಣ್ಣ ಆರಿಸಿದ್ದು ಯಾರು? ಹಳೆಯ ಫ್ರಿಜ್ ಎಲ್ಲಿಗೆ ಹೋಯಿತು? ಕೆಲಸಕ್ಕೆ ಯಾರಾದರೂ ಬರುತ್ತಿದ್ದರಾ, ಅವರ ಹೆಸರು ನೆನಪಿದೆಯಾ?

ನಮ್ಮ ಎದುರು ಮನೆಯ ಅಜ್ಜಿ ನನ್ನ ಮೊದಲ ಪ್ರಶ್ನೆಗೆ ಬೆರಳು ಮಡಚಿ ಎಣಿಸಿದರು. ಮೊದಲು ವಾರಕ್ಕೆ ಒಂದು ಸಲ, ಆಮೇಲೆ ನಾಲ್ಕು ಸಲ, ಎರಡನೇ ಮಗ ಹುಟ್ಟಿದ ಮೇಲೆ ದಿನಾ. ಸ್ವಲ್ಪ ಹೊತ್ತು ಸುಮ್ಮನಿದ್ದರು. ‘ಯಾರೂ ಇದನ್ನು ಕೇಳಿರಲಿಲ್ಲ’ ಅಂದರು. ಆಮೇಲೆ ನನ್ನ ಹಾಳೆ ತೆಗೆದುಕೊಂಡು, ಬಲಗಡೆಯ ಸಾಲಿನಲ್ಲಿ ನಾನು ಮರೆತಿದ್ದ ಒಂದನ್ನು ತಮ್ಮ ಕೈಯಿಂದಲೇ ಬರೆದರು: ಒಗೆದ ಕಾಲುಚೀಲಗಳ ಜೋಡಿ ಹುಡುಕುವುದು.